ನೀರವ್ವನ ದಿನ್ನೆ

ಮುದ್ದನಗೇರಿಯಿಂದ ಪಡುವಣಕ್ಕೆ, ಹಾಳು ಕೋಟೆಯ ಗೋಡೆಯನ್ನು ಬಳಸಿಕೊಂಡು ಒಂದು ಮೈಲಿ ನಡೆದರೆ ಕೆಂಪು ಗರಸಿನ ದಿನ್ನೆಯೊಂದು ಸಿಗುತ್ತದೆ. ಅದರ ಹೆಸರು ನೀರವ್ವನ ದಿನ್ನೆ. ಹೆಸರು ಕೇಳಿ ಇಲ್ಲೊಂದು ಚಿಲುಮೆಯೋ ಬಾವಿಯೋ ಇದ್ದೀತೆಂದು ತಂಬಿಗೆ ಹಿಡಿದು ಹತ್ತಿದವರು ಒಣಬಾಯಲ್ಲೇ ಇಳಿದು ಬರುತ್ತಾರೆ. ಕೆಲವು ವರ್ಷಗಳ ಕೆಳಗೆ ಬೋರ್‌ವೆಲ್ ಕೊರೆಯುವ ಲಾರಿಯೂ ಬಂದು, ನಾನೂರು ಅಡಿ ಆಳದಿಂದ ಬರೀ ಧೂಳೆಬ್ಬಿಸಿ, ಕೈ ಕೊಡವಿಕೊಂಡು ಹೋಯಿತು. ದಿನ್ನೆಯ ನೆತ್ತಿಯಲ್ಲಿರುವುದು ಒಂದು ಕಂಚುವಾಳದ ಮರ, ಅದರ ಬುಡದಲ್ಲಿ ಒಂದು ದೊಡ್ಡದು ಒಂದು ಸಣ್ಣದು ಹೀಗೆ ಎರಡು ಕಲ್ಲು, ಸಣ್ಣ ಕಲ್ಲಿನ ಮುಂದೆ ಒಂದು ತಾಮ್ರದ ಗಿಂಡಿ. ಇಷ್ಟೇ. ಬಂದವರು ಮರದ ಕೆಳಗೆ ನಿಂತು ಫೋಟೋ ತೆಗೆಸಿಕೊಂಡು, ಯಾವ ದೇವತೆ ಇದು ಎಂದು ಕೇಳುತ್ತಾರೆ. ನೀರವ್ವ ದೇವತೆಯಲ್ಲ. ಅವಳು ಹೂಗಾರರ ಮನೆಯ ಹೆಣ್ಣುಮಗಳು. ಅವಳಿಗೆ ಅಡಿವೆವ್ವ ಎಂಬ ಸ್ವಂತ ಹೆಸರೊಂದಿತ್ತು. ಅದನ್ನು ಯಾರಾದರೂ ನೆನಪಿಟ್ಟಿರಲಿ ಎಂದೇ ಇದನ್ನು ಬರೆದಿಡುತ್ತಿದ್ದೇನೆ.

ಹಿಂದೆ ಒಮ್ಮೆ, ಕೋಟೆಯೊಳಗಿನ ವಾಡೆಯಲ್ಲಿ ದೇಸಾಯರು ಇನ್ನೂ ಬಾಳುತ್ತಿದ್ದ ಕಾಲದಲ್ಲಿ, ಊರ ಕಲ್ಮೇಶ್ವರನಿಗೆ ಹೂವು ಒದಗಿಸುವ ಸೇವೆ ಈ ದಿನ್ನೆಯ ಮೇಲಿದ್ದ ಹೂಗಾರರ ಮನೆಯದಾಗಿತ್ತು ಎನ್ನುತ್ತಾರೆ. ಮನೆಯ ಯಜಮಾನ ಬಾಳಪ್ಪ ಮಾಲೆ ಕಟ್ಟುವುದರಲ್ಲಿ ಗಟ್ಟಿಗ. ಆದರೆ ಗಿಡಗಳು ಮಾತು ಕೇಳುತ್ತಿದ್ದದ್ದು ಅವನ ಹೆಂಡತಿ ಅಡಿವೆವ್ವನದು. ಶಿವರಾತ್ರಿಯ ದಿನ ಕಲ್ಮೇಶ್ವರನ ಗರ್ಭಗುಡಿ ಕಂಚುವಾಳದ ಹೂವಿನಿಂದ ತುಂಬಬೇಕೆಂಬುದು ನಡೆದುಬಂದ ಪದ್ಧತಿ. ಹೂವು ವಾರ ಮೊದಲು ಅರಳಿದರೂ ಕೆಟ್ಟಿತು, ವಾರ ತಡವಾದರೂ ಕೆಟ್ಟಿತು. ಅಡಿವೆವ್ವ ಸಂಕ್ರಾಂತಿ ಕಳೆಯುತ್ತಲೇ ವಾಡೆಯ ಹಿತ್ತಲಿನ ಕಂಚುವಾಳಗಳ ಬೊಡ್ಡೆಗೆ ಹುಲ್ಲಿನ ಹುರಿ ಸುತ್ತಿ ಗಂಟು ಹಾಕುವಳು. ಇದಕ್ಕೆ ಹೂಗಾರರು ಗಿಡದ ಬಾಯಿ ಕಟ್ಟುವುದು ಎನ್ನುತ್ತಿದ್ದರು. ಹುರಿ ಕಂಡ ಗಿಡಕ್ಕೆ ಯಾರೂ ಹನಿ ನೀರು ಹಾಕುವಂತಿಲ್ಲ. ನೀರು ಉಂಡುಂಡು ಕೊಬ್ಬಿದ ಕಂಚುವಾಳ ಎಲೆಯನ್ನಷ್ಟೇ ಹೊರುತ್ತದೆ. ಬಾಯಾರಿ, ಎಲೆ ಉದುರಿಸಿ, ಸತ್ತಂತೆ ಬೋಳಾಗಿ ನಿಂತ ಮೇಲೆ ಮೈತುಂಬ ಅರಳುತ್ತದೆ. ಎಲೆ ಹಳದಿಗಟ್ಟುವಾಗ ದೇಸಾಯರ ಮನೆಯ ಹೆಂಗಸರು ಮರುಗಿ, ‘ಎಂಥಾ ಕಲ್ಲೆದೆ ನಿಂದು, ಒಂದು ಕೊಡ ಹಾಕಬಾರದ?’ ಎನ್ನುವರು. ಅಡಿವೆವ್ವ ನಗುತ್ತ, ‘ನಾಕು ದಿನ ಕಲ್ಲಾಗಬೇಕ್ರೀ ಯವ್ವಾ, ಒಣಗಿದ ಮ್ಯಾಲೇ ಅರಳೂದು’ ಎನ್ನುವಳು. ಮೊದಲ ಮೊಗ್ಗು ಕಂಡ ದಿನ ಹುರಿ ಬಿಚ್ಚಿ ನೀರು ಬಿಡುವಳು. ಅವಳ ಲೆಕ್ಕ ಒಂದು ವರ್ಷವೂ ತಪ್ಪಿದ್ದಿಲ್ಲ. ಆ ತಪ್ಪದ ಲೆಕ್ಕವೇ ಮುಂದೆ ಅವಳ ಮನೆಯನ್ನು ತಿಂದಿತು.

ಅವರಿಗೆ ಬಹಳ ಹರಕೆಯ ಮೇಲೆ ಹುಟ್ಟಿದ ಒಬ್ಬಳೇ ಮಗಳು, ಸಾತವ್ವ. ಸಾತಿ ಎಂದು ಕರೆಯುತ್ತಿದ್ದರು. ಐದು ವರ್ಷದವಳಿದ್ದಾಗ ಒಂದು ಬೇಸಿಗೆ, ವಾಡೆಯ ಹಿತ್ತಲಲ್ಲಿ ಕಂಚುವಾಳದ ಕಾಯಿ ಬಿಸಿಲಿಗೆ ಚಟ್ಟನೆ ಸಿಡಿದು ಬೀಜವೊಂದು ಅವಳ ಕೆನ್ನೆಗೆ ಬಡಿಯಿತು. ಅದು ತನ್ನನ್ನೇ ಹುಡುಕಿಕೊಂಡು ಬಂದ ಬೀಜವೆಂದು ಸಾತಿ ಹಟ ಹಿಡಿದಳು. ಅಡಿವೆವ್ವ ಬೀಜವನ್ನು ನೆನೆಸಿ, ತೆಂಗಿನ ಚಿಪ್ಪಿನಲ್ಲಿ ಕೆರೆಯ ಗೋಡುಮಣ್ಣು ತುಂಬಿ ಊರಿ, ಮೊಳೆತದ್ದನ್ನು ಮಳೆಗಾಲದಲ್ಲಿ ಮನೆಯ ಮುಂದೆ ಇಳಿಸಿದಳು. ಆಡು ಬಾಯಿ ಹಾಕದಂತೆ ಜಾಲಿಮುಳ್ಳಿನ ಬೇಲಿ, ಗಾಳಿಗೆ ಬಾಗದಂತೆ ಆಸರೆಗೋಲು, ಬುಡ ಬಿಸಿಲಿಗೆ ಕಾಯದಂತೆ ಜೋಳದ ದಂಟಿನ ಹೊದಿಕೆ, ಎಲ್ಲವನ್ನೂ ಮಗಳ ಕೈಯಿಂದಲೇ ಮಾಡಿಸಿದಳು. ದಿನ್ನೆಯ ಮೇಲೆ ಅಂದೂ ನೀರಿರಲಿಲ್ಲ. ಕೆಳಗಿನ ಹಳ್ಳದಿಂದ ತಾಯಿ ಕೊಡ ಹೊತ್ತರೆ ಹಿಂದೆ ಮಗಳು ಗಿಂಡಿ ಹೊರುವಳು. ಸಂಜೆಯಾದರೆ ಕಂಚುವಾಳದ ಜೋಡಿ ಎಲೆಗಳು ಮಡಚಿಕೊಳ್ಳುತ್ತವಷ್ಟೆ, ಅದನ್ನು ನೋಡಿ ಸಾತಿ, ‘ಗಿಡಾ ನಂಗ ಕೈ ಮುಗೀತೈತಿ’ ಎಂದು ಬೀಗುವಳು. ಬಾಳಪ್ಪ, ‘ಹೌದವ್ವ ದೇಸಾಯರಗಿತ್ತಿ’ ಎಂದು ತಾನೂ ಕೈ ಮುಗಿಯುವನು.

ಗಿಡ ಆಳೆತ್ತರ ಬೆಳೆದು ನಾಲ್ಕನೆಯ ಸಂಕ್ರಾಂತಿ ಬಂದಾಗ ಅಡಿವೆವ್ವ ಅದರ ಬಾಯಿ ಕಟ್ಟಿದಳು. ಮೊದಲ ಹೂವನ್ನು ಮಗಳ ಮುಡಿಗೇ ಇಡಬೇಕೆಂದು ಅವಳ ಆಸೆ. ಸಾತಿಗೆ ಆಗ ಒಂಬತ್ತು. ಎಲೆ ಬಾಡುವುದನ್ನು ನೋಡಲಾರದೆ ಅವಳು ತಾಯಿಯ ಕಣ್ಣು ತಪ್ಪಿಸಿ ಗಿಂಡಿ ಗಿಂಡಿ ನೀರು ಹಾಕಿದಳು. ಶಿವರಾತ್ರಿ ಬಂತು, ಊರ ಕಂಚುವಾಳಗಳೆಲ್ಲ ಅರಳಿದವು, ಮನೆಯ ಮುಂದಿನದು ಮಾತ್ರ ಹಸಿರಾಗಿಯೇ ನಿಂತಿತ್ತು. ದಂಟಿನ ಹೊದಿಕೆಯನ್ನು ಸರಿಸಿ ನೋಡಿದರೆ ಒದ್ದೆ ಮಣ್ಣು. ಅಡಿವೆವ್ವನಿಗೆ ಸಿಟ್ಟು ಬಂತು. ‘ಹಿಂಗ ನೀರು ಹಾಕಿದ್ರ ಜನ್ಮದಾಗ ಹೂ ಬಿಡೂದಿಲ್ಲ ನಿನ್ನ ಗಿಡಾ,’ ಎಂದು ಗದರಿದಳು. ಸಾತಿ ಅಳುತ್ತ, ‘ಹೂ ಬ್ಯಾಡ ನನಗ. ಅದಕ್ಕ ಬಾಯಿ ಒಣಗತಿತ್ತು,’ ಎಂದಳು. ತಾಯಿ ಮಗಳು ಎರಡು ದಿನ ಮಾತು ಬಿಟ್ಟರು, ಮೂರನೆಯ ದಿನ ಹೋಳಿಗೆಯ ಮುಂದೆ ರಾಜಿಯಾದರು.

ಆ ವೈಶಾಖದಲ್ಲಿ ಮುದ್ದನಗೇರಿಗೆ ಜ್ವರ ಬಂತು. ಊರ ವೈದ್ಯ ಮನೆ ಮನೆಗೂ ಒಂದೇ ಮಾತು ಹೇಳಿದ. ಜ್ವರ ಬಿಡುವವರೆಗೆ ರೋಗಿಯ ಬಾಯಿ ಕಟ್ಟಬೇಕು, ಹನಿ ನೀರು ಒಳಗೆ ಹೋಗಬಾರದು. ಆ ಕಾಲದ ತಿಳಿವಳಿಕೆ ಹಾಗಿತ್ತು, ಅವನನ್ನು ಬೈದು ಫಲವಿಲ್ಲ. ಬೇರೆ ಮನೆಗಳಲ್ಲಿ ವೈದ್ಯ ಹೊಸ್ತಿಲು ದಾಟುತ್ತಲೇ ತಾಯಂದಿರು ಸೆರಗಿನ ತುದಿ ನೆನೆಸಿ ಮಕ್ಕಳ ತುಟಿಗೆ ಹಿಂಡಿದರು. ವೈದ್ಯನಿಗೂ ಅದು ಗೊತ್ತಿತ್ತು. ಬಹುಶಃ ಆ ಕಳ್ಳತನವನ್ನೂ ಅಂದಾಜು ಹಿಡಿದೇ ಅವನು ಪಥ್ಯ ಹೇಳುತ್ತಿದ್ದ. ಹೂಗಾರರ ಮನೆಯಲ್ಲಿ ಮಾತ್ರ ಆ ಕಳ್ಳತನ ನಡೆಯಲಿಲ್ಲ. ಸಾತಿಯ ಮೈ ಕೆಂಡವಾಗಿತ್ತು. ಮೊದಲ ದಿನ ನೀರು ಕೇಳಿದಳು, ಎರಡನೆಯ ದಿನ ಅತ್ತು ಕೇಳಿದಳು. ಮೂರನೆಯ ದಿನ ಬಾಳಪ್ಪ ತಡೆಯಲಾರದೆ ಗಿಂಡಿಗೆ ಕೈ ಹಾಕಿದಾಗ ಅಡಿವೆವ್ವ ಅದನ್ನು ಕಸಿದು ನೆಲುವಿನ ಮೇಲಿಟ್ಟಳು. ‘ನಾಕು ದಿನ ಕಲ್ಲಾಗ್ರೀ. ಈಗ ಕೈ ಸಡಲ ಬಿಟ್ರ ಎಲ್ಲಾ ಕೆಡತೈತಿ. ನಾ ನೋಡೀನಲ್ಲ, ಒಣಗಿದ ಮ್ಯಾಲೇ ಚಿಗಿಯೂದು,’ ಎಂದಳು. ಅವಳಿಗೆ ಮಗಳ ಮೇಲೆ ಪ್ರೀತಿ ಕಡಿಮೆಯಾಗಿರಲಿಲ್ಲ. ಹದಿನೈದು ವರ್ಷ ಗಿಡ ಬಾಯಾರಿಸಿ ಹೂವು ಕಂಡವಳು ಅವಳು. ಕಂಡದ್ದನ್ನು ನಂಬಿದಳು.

ನಾಲ್ಕನೆಯ ದಿನ ಮಟಮಟ ಮಧ್ಯಾಹ್ನ ಸಾತಿ ಕೇಳುವುದನ್ನು ನಿಲ್ಲಿಸಿದ್ದಳು. ತೆರೆದ ಬಾಗಿಲಿನಿಂದ ಅವಳ ಗಿಡ ಕಾಣುತ್ತಿತ್ತು. ನಾಲ್ಕು ದಿನದಿಂದ ಯಾರೂ ಅದರ ಕಡೆ ತಿರುಗಿರಲಿಲ್ಲ, ಎಲೆ ಜೋತಿದ್ದವು. ಸಾತಿ ತಾಯಿಯ ಕೈ ಹಿಡಿದು, ಒಡೆದ ತುಟಿಯಲ್ಲಿ, ‘ಯವ್ವಾ, ನನಗ ಕೊಡಬಾರದಂದ್ರ ಬಿಡು. ಗಿಡಕ್ಕರ ಹಾಕು,’ ಎಂದಳು. ಅಡಿವೆವ್ವ ನೆಲುವಿನಿಂದ ಗಿಂಡಿ ಇಳಿಸಿ, ಮಗಳ ಸಮಾಧಾನಕ್ಕೆಂದು ಹೊರಗೆ ಹೋಗಿ ಗಿಡಕ್ಕೆ ನೀರು ಹಾಕಿ ಬಂದಳು. ಅಷ್ಟರಲ್ಲಿ ಸಾತಿ ಹೋಗಿಬಿಟ್ಟಿದ್ದಳು. ಗಿಂಡಿಯ ತಳದಲ್ಲಿ ಇನ್ನೂ ಒಂದು ಗುಟುಕು ಉಳಿದಿತ್ತು ಎನ್ನುತ್ತಾರೆ. ಅದನ್ನು ಅವಳು ಮಗಳ ಬಾಯಿಗೆ ಬಿಟ್ಟಳು, ಅದು ಕೆನ್ನೆಯ ಮೇಲೆ ಹರಿದು ಹೋಯಿತು.

ಸಾತಿಯನ್ನು ಅವಳ ಗಿಡದ ಪಕ್ಕದಲ್ಲೇ ಮಣ್ಣು ಮಾಡಿ ಒಂದು ಸಣ್ಣ ಕಲ್ಲು ನಿಲ್ಲಿಸಿದರು. ಹನ್ನೊಂದನೆಯ ದಿನ ಊರ ಮುದುಕಿಯೊಬ್ಬಳು, ಸಮಾಧಾನ ಹೇಳಲು ಬಂದವಳು, ಹೂಗಾರರಲ್ಲಿ ಹಳೆಯದಾದ ನಂಬಿಕೆಯೊಂದನ್ನು ನೆನಪಿಸಿದಳು. ಸತ್ತ ಕೂಸು ನೆಟ್ಟ ಗಿಡದ ಮೊದಲ ಹೂವು ಅದರ ಕಲ್ಲಿಗೆ ಏರಿದರೆ ಕೂಸಿನ ದಾಹ ಆರುತ್ತದಂತೆ. ‘ಅಲ್ಲೀಮಟ ಅದು ನೀರು ಕೇಳತಾನ ಇರತೈತಿ,’ ಎಂದಳು ಆ ಪುಣ್ಯಾತ್ಗಿತ್ತಿ. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು. ಆದರೆ ಆಡಬಾರದ ಮಾತು ಅದಕ್ಕಿಂತ ಇನ್ನೊಂದು ಇರಲಾರದು. ಅಂದಿನಿಂದ ಅಡಿವೆವ್ವನಿಗೆ ಬೇಕಾದದ್ದು ಒಂದೇ, ಆ ಗಿಡದ ಮೊದಲ ಹೂವು. ಅದನ್ನು ಅರಳಿಸುವುದು ಹೇಗೆಂದು ಸೀಮೆಯಲ್ಲಿ ಅವಳಷ್ಟು ಬಲ್ಲವರು ಇನ್ನೊಬ್ಬರಿರಲಿಲ್ಲ. ಆದರೆ ದಾರಿ ಇದ್ದದ್ದು ಒಂದೇ, ಗಿಡವನ್ನು ಬಾಯಾರಿಸಬೇಕು. ‘ಗಿಡಕ್ಕರ ಹಾಕು’ ಎಂದಿದ್ದಳಲ್ಲ ಮಗಳು. ಅಡಿವೆವ್ವ ದಿನಕ್ಕೆರಡು ಹೊತ್ತು ಹಳ್ಳದಿಂದ ನೀರು ಹೊತ್ತು ಹಾಕಿದಳು. ಗಿಡ ಮರವಾಯಿತು, ಎಲೆಯ ಮೇಲೆ ಎಲೆ ಹೊತ್ತಿತು, ಒಂದು ಮೊಗ್ಗನ್ನೂ ಕಚ್ಚಲಿಲ್ಲ. ಕಲ್ಮೇಶ್ವರನ ಹೂವಿನ ಸೇವೆಯನ್ನು ಅವಳು ತಾನಾಗಿ ಬಿಟ್ಟುಕೊಟ್ಟಳು. ಹುಲ್ಲಿನ ಹುರಿ ಕಂಡರೆ ಎತ್ತಿ ಒಲೆಗೆ ಹಾಕುತ್ತಿದ್ದಳು.

ಏಳನೆಯ ವರ್ಷ ಬಾಳಪ್ಪನೇ ಧೈರ್ಯ ತುಂಬಿ, ಅವಳ ಕೈ ಹಿಡಿದು ಮರದ ಬಾಯಿ ಕಟ್ಟಿಸಿದ. ಒಂದು ದಿನ ಕಳೆಯಿತು, ಎರಡಾಯಿತು. ಅವಳು ಅನ್ನ ನೀರು ಬಿಟ್ಟು ಕಲ್ಲಿನ ಪಕ್ಕ ಕೂತಳು. ನಾಲ್ಕನೆಯ ದಿನ ಮಧ್ಯಾಹ್ನ ಎಲೆಗಳು ಜೋತದ್ದನ್ನು ಕಂಡವಳೇ ಎದ್ದು ಕುಡುಗೋಲಿನಿಂದ ಹುರಿ ಕೊಯ್ದು, ಕೊಡ ಎತ್ತಿಕೊಂಡು ಹಳ್ಳಕ್ಕೆ ಓಡಿದಳು. ಬಾಳಪ್ಪ ತಲೆಯ ಮೇಲೆ ಕೈ ಹೊತ್ತು, ‘ಇನ್ನ ಸ್ವಲ್ಪ ದಿನಾ ತಡೀಬೇಕಿತ್ತಲ್ಲ ಅಡಿವೆವ್ವ,’ ಎಂದ. ಅವಳು ನೀರು ಸುರಿಯುತ್ತಲೇ, ‘ತಡದಿದ್ನಲ್ಲ ಒಮ್ಮೆ, ನಾಕು ದಿನ. ಸಾಕಾಗೇತಿ ನನಗ,’ ಎಂದಳು.

ಹೀಗೆ ಇಪ್ಪತ್ತೆರಡು ವರ್ಷ. ಹಳ್ಳದ ದಂಡೆಯಲ್ಲಿ ಬಟ್ಟೆ ಒಗೆಯುವ ಹೆಂಗಸರು ಮೊದಲು ಚೇಷ್ಟೆಗೆ ನೀರವ್ವ ಎಂದು ಕರೆದರು. ಆಮೇಲೆ ಅದೇ ಹೆಸರಾಯಿತು. ಕೊಡ ಹೊತ್ತು ಏರುವಾಗ ದಾರಿಯಲ್ಲಿ ಯಾರು ಸಿಕ್ಕರೂ, ಕೇಳುವ ಮೊದಲೇ ನಿಂತು ಬೊಗಸೆಗೆ ನೀರು ಬಿಡುತ್ತಿದ್ದಳು. ಬಾಯಾರಿಕೆ ಇಲ್ಲ ಎಂದವರನ್ನೂ ಬಿಡುತ್ತಿರಲಿಲ್ಲ. ಯಾರ ಮನೆಯಲ್ಲಿ ಜ್ವರವೆಂದು ಕೇಳಿದರೂ ಕೊಡ ಹೊತ್ತು ಹೋಗಿ ಹೊಸ್ತಿಲಲ್ಲಿ ಕೂರುವಳು, ರೋಗಿ ಕುಡಿಯುವವರೆಗೆ ಏಳಳು. ವೈದ್ಯ ರೇಗಿದ, ಬೈದ, ಕಡೆಗೆ ಸುಮ್ಮನಾದ. ಅವಳು ಕೂತೆದ್ದ ಮನೆಗಳಲ್ಲಿ ಬಹಳ ಮಂದಿ ಬದುಕಿಕೊಂಡರು ಎನ್ನುತ್ತಾರೆ. ಅದರಿಂದ ಅವಳಿಗೆ ಸಮಾಧಾನವಾಯಿತೋ ಸಂಕಟ ಇಮ್ಮಡಿಯಾಯಿತೋ ಹೇಳುವವರಿಲ್ಲ. ನನಗಂತೂ ಎರಡನೆಯದೇ ನಿಜವೆನಿಸುತ್ತದೆ. ಒಂದು ಪುಷ್ಯಮಾಸದ ಬೆಳಗ್ಗೆ, ಮುದುಕಿಯಾಗಿದ್ದ ಅಡಿವೆವ್ವ ದಿನ್ನೆಯ ಬುಡದಲ್ಲಿ ದಣಿವಾರಿಸಿಕೊಳ್ಳಲು ಕೊಡ ಇಳಿಸಿ ಕೂತವಳು ಮತ್ತೆ ಏಳಲಿಲ್ಲ. ಪಕ್ಕದಲ್ಲಿದ್ದ ಕೊಡ ತುಳುಕದೆ ತುಂಬಿಯೇ ಇತ್ತು.

ಮಗಳ ಪಕ್ಕದಲ್ಲೇ ಅವಳನ್ನೂ ಮಣ್ಣು ಮಾಡಿ ಒಂದು ದೊಡ್ಡ ಕಲ್ಲು ನಿಲ್ಲಿಸಿದರು. ಮರುದಿನ ಬಾಳಪ್ಪ ಕೋಲೂರಿಕೊಂಡು ಹಳ್ಳಕ್ಕಿಳಿದು ಅದೇ ಕೊಡದಲ್ಲಿ ನೀರು ತಂದ. ಅದನ್ನು ಮರಕ್ಕೆ ಹಾಕದೆ, ಸಾತಿಯ ಗಿಂಡಿಯನ್ನು ಒಳಗಿನಿಂದ ತಂದು ಸಣ್ಣ ಕಲ್ಲಿನ ಮುಂದೆ ಇಟ್ಟು ತುಂಬಿದ. ‘ನೀ ಕುಡಿ ಮಗಳ. ಗಿಡಾ ಸ್ವಲ್ಪ ತಡಕೋತೈತಿ,’ ಎಂದು ಮರದ ಬೊಡ್ಡೆಗೆ ಹುರಿ ಸುತ್ತಿದ. ಹುರಿ ಕಟ್ಟಿ ರೂಢಿಯಿಲ್ಲದ ಮುದುಕ, ಗಂಟು ಸಡಿಲವಾಗಿಯೇ ಬಿತ್ತು. ಎಲೆ ಹಳದಿಯಾಯಿತು, ಉದುರಿತು, ಕೊಂಬೆ ಬೆತ್ತಲಾಯಿತು. ಹೆಂಡತಿಯ ಹಿಂದೆ ಮರವನ್ನೂ ಕೊಂದನೆಂದು ಊರವರು ಆಡಿಕೊಂಡರು. ಅವನು ದಿನವೂ ಗಿಂಡಿ ತುಂಬಿಸುತ್ತ, ಮರವನ್ನು ಮುಟ್ಟದೆ, ಕಾದ. ಶಿವರಾತ್ರಿಗೆ ಇನ್ನೆರಡು ದಿನವಿರುವಾಗ, ಇಪ್ಪತ್ತೆರಡು ವರ್ಷ ಬರೀ ಹಸಿರಾಗಿದ್ದ ಮರ ಬುಡದಿಂದ ತುದಿಯವರೆಗೆ ನಸುಗೆಂಪಾಗಿ ಅರಳಿತು. ಬಾಳಪ್ಪ ಮೊದಲ ಹೂವನ್ನು ಸಣ್ಣ ಕಲ್ಲಿನ ಮೇಲಿಟ್ಟು, ‘ತಡಾ ಆತವ್ವ,’ ಎಂದ. ಇನ್ನೊಂದು ಹೂವು ಕಿತ್ತು ದೊಡ್ಡ ಕಲ್ಲಿನ ಕಡೆ ತಿರುಗಿದವನಿಗೆ ಇಡಲು ಕೈ ಬರಲಿಲ್ಲ. ಮರವನ್ನು ಬಾಯಾರಿಸಿ ಪಡೆದ ಹೂವನ್ನು ಅವಳು ಮುಡಿಯುವವಳಲ್ಲ ಎಂದು ಅವನಿಗೆ ಗೊತ್ತಿತ್ತು. ಹುರಿ ಬಿಚ್ಚಿ, ಕೊಡದ ನೀರನ್ನು ಅರ್ಧ ಮರಕ್ಕೆ, ಅರ್ಧ ಆ ಕಲ್ಲಿಗೆ ಸುರಿದ.

ಈಗಿರುವುದು ಆ ಮರವಲ್ಲ, ಅದರ ಬೀಜದ ಬೀಜದಿಂದ ಎದ್ದದ್ದು. ಹೂಗಾರರ ಮನೆಯ ಗೋಡೆಯೂ ಉಳಿದಿಲ್ಲ. ಆದರೆ ಮುದ್ದನಗೇರಿಯಲ್ಲಿ ಇಂದಿಗೂ ಜ್ವರ ಬಂದವರಿಗೆ ಮಾತ್ರೆಗಿಂತ ಮೊದಲು ನೀರು ಕುಡಿಸುತ್ತಾರೆ. ಸಂಕ್ರಾಂತಿಯ ನಂತರ ದಿನ್ನೆ ಹತ್ತಿದವರು ಮರದ ಬೊಡ್ಡೆಗೆ ಸಡಿಲವಾಗಿ ಸುತ್ತಿದ ಹುಲ್ಲಿನ ಹುರಿಯನ್ನು ಕಾಣಬಹುದು. ಹೂವು ಸಣ್ಣ ಕಲ್ಲಿಗೆ ಮಾತ್ರ ಏರುತ್ತದೆ, ದೊಡ್ಡ ಕಲ್ಲಿಗೆ ನೀರು ಮಾತ್ರ. ಮರ ಬಾಯಾರಿ ನಿಂತಿರುವ ಅಷ್ಟೂ ದಿನ ಊರಿನ ಯಾವುದಾದರೂ ಮನೆಯ ಹೆಣ್ಣುಮಗಳು ಹಳ್ಳದಿಂದ ನೀರು ಹೊತ್ತು ಬಂದು ತಾಮ್ರದ ಗಿಂಡಿಯನ್ನು ಕಂಠಮಟ್ಟ ತುಂಬಿಸಿ ಹೋಗುತ್ತಾಳೆ. ಬಿಸಿಲಿಗೆ ಅದು ಮಧ್ಯಾಹ್ನದೊಳಗೆ ಇಂಗುತ್ತದೆ. ಕೂಸು ಕುಡಿದಿದೆ ಎಂದುಕೊಂಡು ಸಂಜೆಗೆ ಮತ್ತೆ ತುಂಬಿಸುತ್ತಾರೆ.