ಬಣ್ಣ ಹೋಗುತ್ತೆ

ಕಾವೇರಿಯ ದಡದಲ್ಲೊಂದು ಆಶ್ರಮ. ಅಲ್ಲಿನ ಗುರುಗಳು ನಿರಂಜನರು. ಅವರ ಪಾದಗಳನ್ನು ನೆನೆದೇ ಈ ಕಥೆ ಹೇಳಬೇಕು.

ಅವರ ಶಿಷ್ಯ ಅಚ್ಯುತ ಒಂದು ಗ್ರಂಥ ಬರೆದಿದ್ದ. ಹೆಸರು ‘ಮತ್ಸರ ವಿಜಯ’. ಮಧ್ಯಾಹ್ನ ಪಡಸಾಲೆಯಲ್ಲಿ ತರಕಾರಿ ಹೆಚ್ಚುವ ಹೆಂಗಸರು ಅದನ್ನು ಓದಿಸಿ ಕೇಳಲಿ ಎಂಬುದು ಅವನ ಆಸೆ.

ಅವರು ಓದಿಸಿ ಕೇಳುತ್ತಿದ್ದುದೇ ಬೇರೆ. ಹೆಂಗಸೊಬ್ಬಳು ಬರೆದ, ಇಂಗ್ಲಿಷಿನಿಂದ ಕನ್ನಡಕ್ಕೆ ಬಂದ ಹಳೆಯ ಕಾದಂಬರಿ. ಚಹಾ ಕುಡಿಯುವವರು, ಗಂಡು ಹುಡುಕುವವರು, ನೆರೆಮನೆಗೆ ಹೋಗಿ ಮೂಗು ಮುರಿಯುವವರು, ಅದರ ತುಂಬ ಇಂಥವರೇ.

ಒಂದು ಬೆಳಿಗ್ಗೆ ಆ ಕಾದಂಬರಿ ವ್ಯಾಸಪೀಠದ ಮೇಲೆ ಕಂಡಿತು. ಪುರಾಣ ಓದುವಾಗ ಗ್ರಂಥವನ್ನಿಡುವ ಪೀಠ ಅದು.

ಅಚ್ಯುತ ನೇರ ಗುರುಗಳ ಬಳಿ ಹೋದ.

“ಪೀಠಕ್ಕೆ ಮೈಲಿಗೆಯಾಯಿತು ಗುರುಗಳೇ.”

“ಪೀಠಕ್ಕೋ, ನಿನಗೋ?”

ಅಚ್ಯುತ ತಲೆ ತಗ್ಗಿಸಿದ. “ಅದರಲ್ಲಿ ಏನಿದೆ ಅಂತ ಆ ಹೆಂಗಸರು ಅಷ್ಟು ನಗ್ತಾರೆ? ನಾಲ್ಕು ದಿನ ಹೋಗಲಿ, ಬಣ್ಣ ಹೋಗುತ್ತೆ.”

“ಇನ್ನೂರು ವರ್ಷದ ಪುಸ್ತಕವಂತೆ ಕಣಪ್ಪ.”

“ಅವರ ಊರಲ್ಲಿ ಬಿಸಿಲು ಕಡಿಮೆ.”

ಗುರುಗಳು ನಕ್ಕರು. “ಸರಿ, ಇವತ್ತು ನಿನ್ನದನ್ನಿಡು. ನೀನೇ ಓದು. ನಾನೂ ಬರ್ತೀನಿ.”

ಮಧ್ಯಾಹ್ನ ಅಚ್ಯುತ ಓದಿದ. ಹೆಂಗಸರು ಭಕ್ತಿಯಿಂದ ಕೂತಿದ್ದರು. ಈಳಿಗೆಮಣೆಯ ಸದ್ದು ಮಾತ್ರ ಕೇಳುತ್ತಿತ್ತು. ಆಮೇಲೆ ಅದೂ ನಿಂತಿತು.

ಓದು ಮುಗಿದಾಗ ಹಿರಿಯಳಾದ ಪುಟ್ಟತಾಯಮ್ಮ ಕಣ್ಣೊರೆಸಿಕೊಂಡಳು.

“ಬಹಳ ಚೆನ್ನಾಗಿದೆ ಸ್ವಾಮಿ. ಕಣ್ಣು ತಾನಾಗೇ ಮುಚ್ಚಿಕೊಂಡಿತು.”

“ಧ್ಯಾನ ಹತ್ತಿತೇನಮ್ಮ?” ಅಂದ ಅಚ್ಯುತ.

“ಹಾಗೇ ಅಂದ್ಕೊಳ್ಳಿ.” ಆಕೆ ಹೀರೇಕಾಯಿ ಕೈಗೆತ್ತಿಕೊಂಡಳು. “ಅದಿರಲಿ, ನಮ್ಮ ಕಾದಂಬರಿಯ ಆ ಕಿರಿಯ ಹುಡುಗಿ ಕುಣಿತದ ಕೂಟಕ್ಕೆ ಹೊರಟಿದ್ದಳಲ್ಲ, ಹಳೇ ಗೌನಲ್ಲೇ ಹೋದಳೋ ಏನೋ.”

“ಅದರಲ್ಲೇ ಹೋಗ್ತಾಳೆ. ಆ ಗಂಡು ಅವಳನ್ನೇ ಒಪ್ಪೋದು,” ಅಂದುಬಿಟ್ಟ ಅಚ್ಯುತ.

ಹೆಂಗಸರು ಮುಖ ಮುಖ ನೋಡಿಕೊಂಡರು. ಆಮೇಲೆ ಎಲ್ಲರೂ ಸೆರಗು ಬಾಯಿಗಿಟ್ಟುಕೊಂಡರು.

“ಮುಂದಿನದನ್ನು ಹೇಳಬೇಡಿ ಸ್ವಾಮಿ,” ಅಂದಳು ಪುಟ್ಟತಾಯಮ್ಮ. “ನಾವಿನ್ನೂ ಅಲ್ಲಿಗೆ ಬಂದಿಲ್ಲ.”

ಹೆಂಗಸರು ತರಕಾರಿ ಎತ್ತಿಕೊಂಡು ಅಡುಗೆಮನೆಗೆ ಹೋದರು. ಅಚ್ಯುತ ಗುರುಗಳ ಮುಂದೆ ಕೂತಿದ್ದ. ಕಿವಿ ಕೆಂಪಾಗಿತ್ತು.

“ಪೂರ್ತಿ ಓದಿದ್ದೀಯ.”

“ದೋಷ ಹುಡುಕೋಣ ಅಂತ ಓದಿದೆ ಗುರುಗಳೇ.”

“ಸಿಕ್ಕಿತೇ?”

ಅಚ್ಯುತ ತನ್ನ ಗ್ರಂಥದ ಹಾಳೆಗಳನ್ನು ಜೋಡಿಸತೊಡಗಿದ.

“ಹೋಗಲಿ, ಎಲ್ಲಿ ನಕ್ಕೆ?”

ಅಚ್ಯುತ ಹೇಳಿದ. “ಅದರಲ್ಲೊಬ್ಬಳು ಚಿಕ್ಕಮ್ಮ ಇದ್ದಾಳೆ. ನೆರೆಮನೆಯವರು ರೇಷ್ಮೆ ಪರದೆ ಹಾಕಿಸ್ತಾರೆ. ಊರೆಲ್ಲ ಹೊಗಳುತ್ತೆ. ಇವಳಿಗೆ ರಾತ್ರಿ ನಿದ್ದೆಯಿಲ್ಲ. ಬೆಳಿಗ್ಗೆಯೇ ಅವರ ಮನೆಗೆ ಹೋಗಿ, ಪರದೆ ಮುಟ್ಟಿ ನೋಡಿ, ‘ಚೆನ್ನಾಗಿದೆ, ಆದರೆ ನಾಲ್ಕು ದಿನ ಹೋಗಲಿ...’”

ಅಚ್ಯುತ ಅಲ್ಲಿಗೇ ನಿಲ್ಲಿಸಿದ.

ಗುರುಗಳು ಕಾಯುತ್ತಿದ್ದರು.

“‘...ಬಣ್ಣ ಹೋಗುತ್ತೆ’ ಅಂತಾಳೆ,” ಅಂದ. ದನಿ ಸಣ್ಣಗಾಗಿತ್ತು.

ಗುರುಗಳು ಎದ್ದರು. ಕಾದಂಬರಿಯನ್ನು ತಂದು, ಧೂಳೊರೆಸಿ, ಶಿಷ್ಯನ ಕೈಗಿಟ್ಟರು.

“ಇನ್ನೂರು ವರ್ಷದ ಹಿಂದೆ, ಅಷ್ಟು ದೂರದ ಊರಲ್ಲಿ ಕೂತು ಇದನ್ನು ಬರೆದ ಆ ತಾಯಿ, ನಿನ್ನನ್ನು ಎಲ್ಲಿ ನೋಡಿದ್ದಳಪ್ಪ?”