ದುಗ್ಗ ಟೋಲು ಕಟ್ಟಿದ್ದು

ಹೆದ್ದಾರಿ ಪಕ್ಕದಲ್ಲಿ ಒಂದು ಊರು, ಊರಲ್ಲಿ ಒಂದು ಮಂಡಕ್ಕಿ ಭಟ್ಟಿ, ಭಟ್ಟಿಯ ಮುಂದೆ ಹಾಲಮ್ಮ, ಹಾಲಮ್ಮನ ಹಿಂದೆ ಅವಳ ಮಗ ದುಗ್ಗ. ಊರಿನ ಹೆಸರು ಬೇಡ. ಹೇಳಿದರೆ ಅಲ್ಲಿಯವರು ಲಾರಿ ಹತ್ತಿಕೊಂಡು ಜಗಳಕ್ಕೆ ಬರುತ್ತಾರೆ.

ದುಗ್ಗನಿಗೆ ಇಪ್ಪತ್ತನಾಲ್ಕು ವರ್ಷ. ಎತ್ತರ ಬಂದಿತ್ತು, ಮೀಸೆ ಬಂದಿತ್ತು, ಬರಬೇಕಾದ್ದು ಇನ್ನೊಂದು ಮಾತ್ರ ದಾರಿ ತಪ್ಪಿ ಎಲ್ಲೋ ಹೋಗಿತ್ತು. "ಹಾಲು ಉಕ್ಕುತ್ತೆ, ನೋಡ್ಕೊಳ್ಳಲೇ" ಅಂದರೆ ಕೊನೇ ಹನಿ ಉಕ್ಕುವ ತನಕ ನೋಡಿ, "ಉಕ್ಕಿತವ್ವಾ, ನೋಡ್ಕೊಂಡೆ" ಅನ್ನುವವನು. ಹೇಳಿದ್ದನ್ನು ಹೇಳಿದಂಗೇ ಮಾಡುವವನು.

ಅವನವ್ವ ಅದಕ್ಕೆ ತದ್ವಿರುದ್ಧ. ಯಾರು ಏನು ಹೇಳಿದರೂ ಅದರ ಹಿಂದೆ ಇನ್ನೊಂದು ಇರುತ್ತೆ ಅನ್ನುವವಳು. ಎದುರಿಗೆ ಬಂದವರು "ನಮಸ್ಕಾರ" ಅಂದರೆ "ಯಾಕೆ?" ಅನ್ನುವವಳು.

ಇಂಥ ಹಾಲಮ್ಮನಿಗೆ ಪೇಟೆಯ ಕೊಟ್ರಬಸಪ್ಪ ಸಾಹುಕಾರರು ಹೇಳಿಕಳಿಸಿದರು: "ವರ್ಷಪೂರ್ತಿ ವಾರಕ್ಕೆ ಮೂವತ್ತು ಮೂಟೆ ಮಂಡಕ್ಕಿ ಬೇಕು. ನನ್ನ ಅಂಗಡಿ ಬಾಗಿಲಿಗೆ ತಲುಪಿಸೋ ರೇಟು ಹೇಳು. ನಿನ್ನ ಎದುರು ಭಟ್ಟಿ ರೇವಕ್ಕನನ್ನೂ ಕೇಳೀನಿ. ಹದಿನೈದು ದಿನ ಟೈಮು."

ಕಮ್ಮಿ ಹೇಳಿದರೆ ದಾರಿ ಖರ್ಚು ನುಂಗುತ್ತೆ. ಜಾಸ್ತಿ ಹೇಳಿದರೆ ರೇವಕ್ಕ ನುಂಗುತ್ತಾಳೆ. ಆರ್ಡರು ತಪ್ಪಿದರೆ ಭಟ್ಟಿಯ ಒಲೆ ಆರುತ್ತೆ. ಡೀಸೆಲ್ ಎಷ್ಟು ಅಂತ ಹಾಲಮ್ಮನಿಗೆ ಗೊತ್ತು, ಹಮಾಲಿ ಎಷ್ಟು ಅಂತ ಗೊತ್ತು. ಗೊತ್ತಿಲ್ಲದ್ದು ಒಂದೇ, ಟೋಲು. ಅವಳ ಗೂಡ್ಸ್ ಗಾಡಿ ಓಡಿಸುವ ತಿಪ್ಪೇಶಿಯನ್ನು ಕರೆದಳು.

"ಪೇಟೆಗೆ ಹೋಗೋ ದಾರೀಲಿ ಟೋಲು ಎಷ್ಟಲೇ ತಿಪ್ಪೇಶಿ?"

"ಮೂರು ಗೇಟು. ಒಂದು ಟ್ರಿಪ್ಪಿಗೆ ನಾನೂರೈವತ್ತು ಅಕ್ಕಾ."

"ಯಾರ ಕೈಗೆ ಕೊಡ್ತೀಯ?"

"ಯಾರ ಕೈಗೂ ಇಲ್ಲ. ಗಾಜಿನ ಮೇಲೆ ಸ್ಟಿಕರ್ ಐತಲ್ಲ, ಅದರಿಂದ ತಾನೇ ಕಟ್ ಆಗುತ್ತೆ."

"ಯಾರೂ ಮುಟ್ಟದೆ?"

"ಯಾರೂ ಮುಟ್ಟದೆ."

ಯಾರೂ ಮುಟ್ಟದೆ ಕಟ್ ಆಗುವ ದುಡ್ಡನ್ನು ಹಾಲಮ್ಮ ಕಂಡಿರಲಿಲ್ಲ. ಯಾರೂ ಮುಟ್ಟಿಲ್ಲ ಅಂತ ಹೇಳುತ್ತಲೇ ಮಾಯವಾದ ದುಡ್ಡು ಕಂಡಿದ್ದಳು. ಅದಕ್ಕೆ ಕಳ್ಳತನ ಅಂತ ಹೆಸರು. ತಾನೇ ಹೋಗಿ ನೋಡೋಣವೆಂದರೆ ಭಟ್ಟಿಯನ್ನು ಯಾರ ಮೇಲೆ ಬಿಡುವುದು? ಇನ್ಯಾರನ್ನಾದರೂ ಕಳಿಸೋಣವೆಂದರೆ ಎಲ್ಲರಿಗೂ ಬುದ್ಧಿ ಇದೆ, ಬುದ್ಧಿ ಇದ್ದವರು ಸುಳ್ಳು ಹೇಳುತ್ತಾರೆ. ಇಡೀ ಊರಲ್ಲಿ ಸುಳ್ಳು ಹೇಳಲು ಬೇಕಾದಷ್ಟು ಬುದ್ಧಿ ಇಲ್ಲದವನು ಒಬ್ಬನೇ.

"ದುಗ್ಗಾ! ಗಾಡೀಲಿ ಹೋಗು. ತಿಪ್ಪೇಶೀನ ಕಣ್ಣಲ್ಲಿ ಕಣ್ಣಿಟ್ಟು ನೋಡ್ಕೋ. ತಿಳೀತಾ?"

"ತಿಳೀತವ್ವಾ. ಕಣ್ಣಲ್ಲಿ ಕಣ್ಣು."

ಹೋದ. ತಿಪ್ಪೇಶಿಯ ಪಕ್ಕ ಕೂತ, ತಿರುಗಿದ, ಅವನ ಕಣ್ಣಿಗೆ ಕಣ್ಣಿಟ್ಟ. ತಿಪ್ಪೇಶಿ ರಸ್ತೆ ನೋಡಿದರೆ ಇವನು ಬಗ್ಗಿ, ಸ್ಟೇರಿಂಗಿನ ಮೇಲೆ ತಲೆ ಇಟ್ಟು, ಕೆಳಗಿಂದ ನೋಡಿದ. ಮೂರು ಗೇಟು ಬಂದವು, ಮೂರು ಗೇಟು ಹೋದವು. ತಿಪ್ಪೇಶಿಗೆ ಬೆವರೋ ಬೆವರು.

ಮನೆಗೆ ಬಂದೊಡನೆ ಹಾಲಮ್ಮ ಓಡಿಬಂದಳು. "ಏನು ನೋಡಿದಿ?"

"ತಿಪ್ಪೇಶಣ್ಣನ ಎಡಗಣ್ಣಲ್ಲಿ ಒಂದು ಕೆಂಪು ನರ ಐತವ್ವಾ. ಬಲಗಣ್ಣಲ್ಲಿ ನಾನಿದೀನಿ."

"ಗೇಟು ನೋಡಲಿಲ್ವೇನೋ?"

"ಗೇಟಿನ ಕಣ್ಣು ಎಲ್ಲಿರುತ್ತವ್ವಾ?"

ಹಾಲಮ್ಮ ಹಣೆ ಹಣೆ ಚಚ್ಚಿಕೊಂಡಳು. "ಅಯ್ಯೋ ನನ್ನ ಕರ್ಮವೇ! ನಾನು ಹೆತ್ತಿದ್ದು ಮಗನನ್ನಾ, ಮಂಡಕ್ಕಿ ಮೂಟೇನಾ? ಅವನ ಮುಖದಾಗೆ ಏನೈತಲೇ? ಗೇಟು ಎಣಿಸ್ಬೇಕು. ಎಣಿಸೋಕೆ ಬರದಿದ್ರೆ ತಗೋ ಈ ಹಗ್ಗ. ಗೇಟಿಗೊಂದು ಗಂಟು ಹಾಕು. ಗಂಟು ನಾನು ಎಣಿಸ್ಕೋತೀನಿ."

"ತಿಳೀತವ್ವಾ. ಗೇಟಿಗೊಂದು ಗಂಟು."

ಎರಡನೇ ಸಲ ಹೋದ. ಮೊದಲನೇ ಗೇಟು ಬಂತು. ಮುಂದೆ ಒಂದು ಲಾರಿ, ಅಡ್ಡಕ್ಕೆ ಕೆಂಪು ಬಿಳಿ ಕಂಬ. ತಿಪ್ಪೇಶಿ "ಎಲ್ಲಿಗಲೇ?" ಅನ್ನುವಷ್ಟರಲ್ಲಿ ದುಗ್ಗ ಇಳಿದ, ಕಂಬಕ್ಕೆ ಹಗ್ಗ ಸುತ್ತಿದ, ಪಕ್ಕದ ಕಬ್ಬಿಣದ ಗೂಟಕ್ಕೆ ಎಳೆದು ಬಿಗಿದ. ಎಂಥ ಗಂಟು? ಹೋರಿ ಕಟ್ಟುವ ಗಂಟು! ಕಂಬ "ಗುಂಯ್" ಅಂದಿತು, ಏಳಲಿಲ್ಲ. ಹಿಂದೆ ಇನ್ನೊಂದು ಲಾರಿ, ಲಾರಿಯ ಹಿಂದೆ ಬಸ್ಸು, ಬಸ್ಸಿನ ಹಿಂದೆ ಮದುವೆ ದಿಬ್ಬಣ. ಹಾರನ್ನೋ ಹಾರನ್ನು!

"ಏ, ಯಾರಲೇ ನೀನು? ಏನು ಮಾಡ್ತಿದೀಯ?" ಅಂತ ಗೇಟಿನವರು ಓಡಿ ಬಂದರು.

"ಟೋಲು ಕಟ್ತಾ ಇದೀನಣ್ಣಾ," ಅಂದ ದುಗ್ಗ. "ಗಟ್ಟಿಯಾಗೇ ಕಟ್ಟೀನಿ, ಬಿಚ್ಚಲ್ಲ."

ಗಂಟು ಬಿಚ್ಚಲು ಮುಕ್ಕಾಲು ಗಂಟೆ ಹಿಡಿಯಿತು. ದಂಡ ಕಟ್ಟಿ ಅಲ್ಲಿಂದಲೇ ವಾಪಸ್ಸು.

ಹಾಲಮ್ಮ ದಂಡದ ಚೀಟಿ ತಿರುಗಿಸಿ ಮುರುಗಿಸಿ ನೋಡಿದಳು, ಅದೂ ಸುಳ್ಳು ಚೀಟಿ ಇದ್ದೀತು ಅಂತ ಬೆಳಕಿಗೆ ಹಿಡಿದು ನೋಡಿದಳು. ಆಮೇಲೆ ಮಗನ ಕಡೆ ತಿರುಗಿದಳು. "ಹಗ್ಗದಾಗೆ ಹಾಕು ಅಂದ್ರೆ ಗೇಟಿಗೇ ಹಾಕಿ ಬಂದ್ಯಲ್ಲೋ ಎಬಡಾ! ಕೈಯಿಂದ ಏನೂ ಮುಟ್ಟಬ್ಯಾಡ. ಗೇಟಿನಾಗೆ ಕೂತವನ ಹತ್ರ ಹೋಗು, ಬಾಯಿಬಿಟ್ಟು ಕೇಳು."

"ತಿಳೀತವ್ವಾ. ಬಾಯಿಬಿಟ್ಟು."

ಮೂರನೇ ಸಲ ಹೋದ. ಗೇಟಿನ ಕಿಟಕಿಯ ಮುಂದೆ ನಿಂತ, ಬಾಯಿಬಿಟ್ಟ. ಎಷ್ಟು ಬಿಟ್ಟ? ಕಿರುನಾಲಿಗೆ ಕಾಣುವಷ್ಟು ಬಿಟ್ಟ.

"ಆ... ಆ... ಆ...?"

"ಏನಪ್ಪಾ?"

"ಆ... ಆ... ಆ...?"

"ಅಯ್ಯೋ, ಇವನಿಗೆ ದವಡೆ ಲಾಕ್ ಆಗೈತೆ!" ಅಂತ ಕಿಟಕಿಯವನು ಕೂಗಿದ. ಗೇಟಿನ ಪಕ್ಕದಲ್ಲೇ ಆಂಬುಲೆನ್ಸ್ ನಿಂತಿತ್ತು. ನಾಲ್ಕು ಜನ ಹಿಡಿದರು, ಮಲಗಿಸಿದರು, ಬಾಗಿಲು ಹಾಕಿದರು. ಕುಂಯ್ ಕುಂಯ್ ಕುಂಯ್! ಎರಡನೇ ಗೇಟು ಎದ್ದಿತು, ಮೂರನೇ ಗೇಟೂ ಎದ್ದಿತು. ಆಸ್ಪತ್ರೆಯಲ್ಲಿ ಡಾಕ್ಟರು "ಏನಾಗೈತೆ?" ಅಂದಾಗಲೇ ಅವನು ಬಾಯಿ ಮುಚ್ಚಿದ್ದು. "ಏನಿಲ್ಲ ಸಾರ್. ಟೋಲು ಎಷ್ಟು?"

ಮನೆಗೆ ಬಂದು ಕುಣಿದ. "ಅವ್ವಾ, ಟೋಲೇ ಇಲ್ಲ! ಬಾಯಿಬಿಟ್ರೆ ಎಲ್ಲಾ ಗೇಟೂ ಬಿಟ್ಟಿ!"

ಈ ಒಂದು ಮಾತನ್ನು ಹಾಲಮ್ಮ ತಟ್ಟನೆ ನಂಬಿದಳು. ತನ್ನ ಅನುಮಾನಕ್ಕೆ ಸರಿಹೊಂದುವ ಮಾತಾದರೆ ಅವಳು ಅದನ್ನು ಕರೆದು ಕೂರಿಸಿ ಕಾಫಿ ಕೊಡುವವಳು. ಸೀದಾ ತಿಪ್ಪೇಶಿಯ ಮನೆ ಬಾಗಿಲಿಗೆ ಹೋದಳು.

"ಟೋಲೇ ಇಲ್ವಂತಲ್ಲೋ! ಇಷ್ಟು ದಿನ ನಾನೂರೈವತ್ತು ಎಲ್ಲಿಗೆ ಹೋಯ್ತು?"

"ಅಕ್ಕಾ, ಅವನು ಹೋಗಿದ್ದು ಆಂಬುಲೆನ್ಸ್‌ನಾಗೆ! ನಿಮ್ಮ ಮಂಡಕ್ಕಿಗೂ ಗ್ಲೂಕೋಸ್ ಏರಿಸಿ ಮಲಗಿಸಿ ಕಳಿಸ್ತೀರಾ?"

ಹಾಲಮ್ಮ ಹಲ್ಲು ಕಡಿದಳು. ಮನೆಗೆ ಬರುವ ದಾರಿಯಲ್ಲಿ ಗಾಡಿ ನಿಂತಿತ್ತು. ಉಗುರಿನಿಂದ ಕೆರೆದೂ ಕೆರೆದೂ ಗಾಜಿನ ಮೇಲಿನ ಸ್ಟಿಕರನ್ನು ಕಿತ್ತೇಬಿಟ್ಟಳು. "ಯಾರೂ ಮುಟ್ಟದೆ ಕಟ್ ಆಗೋದು ಸಾಕು. ದುಗ್ಗಾ! ಇಗೋ ದುಡ್ಡು. ಕೈಯಿಂದ ಕೊಡು, ಚೀಟಿ ಇಸ್ಕೋ. ಅವರು ಏನು ಕೇಳ್ತಾರೋ ಅಷ್ಟಕ್ಕೆ ಮಾತ್ರ ಮಾತಾಡು."

"ತಿಳೀತು. ಹೋಗ್ತೀನವ್ವಾ."

ಹಾಲಮ್ಮ ಅವನ ತಲೆಗೊಂದು ಮೊಟಕಿದಳು. "ಬಿಡ್ತು ಅನ್ನಲೇ! ಹೊರಡೋವಾಗ ಹೋಗ್ತೀನಿ ಅಂತಾರೇನೋ ಅನಿಷ್ಟ? ಹೋಗ್ತೀನಿ ಅಂದ ನಿಮ್ಮಪ್ಪ ಬಂದನಾ? ಯಾರೇ ಕೇಳಲಿ, ಎಲ್ಲೇ ಕೇಳಲಿ, ಹೋಗಿ ಬರ್ತೀನಿ ಅನ್ಬೇಕು."

"ಹೋಗಿ ಬರ್ತೀನವ್ವಾ."

ನಾಲ್ಕನೇ ಸಲ ಹೋದ. ಮೊದಲನೇ ಗೇಟಿನ ಕಿಟಕಿಯವನು ಕೇಳಿದ: "ಹೋಗೋದಷ್ಟೇನಾ, ಹೋಗಿ ಬರೋದಾ?"

"ಹೋಗಿ ಬರ್ತೀನಣ್ಣಾ," ಅಂದ ದುಗ್ಗ. ಕಿಟಕಿಯವನು ಹೋಗಿ ಬರುವ ಚೀಟಿ ಹರಿದು ಕೊಟ್ಟ. ಎರಡನೇ ಗೇಟು, "ಹೋಗಿ ಬರ್ತೀನಣ್ಣಾ." ಮೂರನೇ ಗೇಟು, "ಹೋಗಿ ಬರ್ತೀನಣ್ಣಾ." ಪೇಟೆ ಮುಟ್ಟಿ ಗಾಡಿ ತಿರುಗಿತು. ಮತ್ತೆ ಮೂರನೇ ಗೇಟು, "ಹೋಗೋದಾ, ಹೋಗಿ ಬರೋದಾ?" ಬರುವ ಚೀಟಿ ಜೇಬಿನಲ್ಲಿದೆ, ತಿಪ್ಪೇಶಿ ಬಡಕೊಳ್ಳುತ್ತಿದ್ದಾನೆ, ಆದರೂ ಯಾರೇ ಕೇಳಲಿ ಅಂದಿದ್ದಾಳಲ್ಲ ಅವ್ವ? "ಹೋಗಿ ಬರ್ತೀನಣ್ಣಾ!" ಹೀಗೆ ಮನೆ ಮುಟ್ಟುವಾಗ ಜೇಬಿನಲ್ಲಿ ಆರು ಚೀಟಿ.

ಊಟಕ್ಕೂ ಕೂರಲಿಲ್ಲ. ಚಪ್ಪಲಿ ಮೆಟ್ಟಿಕೊಂಡು ಮತ್ತೆ ಹೊರಟ.

"ಎಲ್ಲಿಗೋ?"

"ಹೆದ್ದಾರಿಗೆ. ಇನ್ನೂ ಮೂರು ಚೀಟಿಯ ಬರೋದು ಬಾಕಿ ಐತವ್ವಾ. ಸುಮ್ನೆ ಹಾಳಾಗುತ್ತೆ."

ಹಾಲಮ್ಮ ಅಂಗಿ ಹಿಡಿದು ಎಳೆದು ಕೂರಿಸಿ ಬೈದಳು. ಬೈದು ಸುಸ್ತಾದ ಮೇಲೆ ಚೀಟಿ ಬಿಡಿಸಿದಳು. ಒಂದೊಂದರ ಮೇಲೂ ಮುನ್ನೂರು.

"ಸ್ಟಿಕರ್ ಕಿತ್ತಿದ್ದಕ್ಕೆ ಡಬ್ಬಲ್ ಅಕ್ಕಾ," ಅಂದ ತಿಪ್ಪೇಶಿ. "ಅರ್ಧ ಮಾಡಿ ನೋಡಿ."

ಅರ್ಧ ಮಾಡಿದಳು. ಗೇಟಿಗೆ ನೂರೈವತ್ತು. ಮೂರು ಗೇಟಿಗೆ ನಾನೂರೈವತ್ತು. ತಿಪ್ಪೇಶಿ ಮೊದಲ ದಿನ ಹೇಳಿದ್ದು ನಾನೂರೈವತ್ತು. ಹಾಲಮ್ಮನ ಅನುಮಾನ ಇಮ್ಮಡಿಯಾಯಿತು. ಇಷ್ಟು ಸರಿಯಾಗಿ ಹೊಂದುತ್ತೆ ಅಂದರೆ ಇವನೂ ಆ ಗೇಟಿನವರೂ ಒಟ್ಟಿಗೆ ಕೂತು ಮಾತಾಡಿಕೊಂಡಿದ್ದಾರೆ! ಆದರೂ ಟೈಮು ಮುಗಿಯುತ್ತಾ ಬಂದಿತ್ತು. ಮೂಟೆಗೆ ಹದಿನೈದು ರೂಪಾಯಿ ಟೋಲು ಹಾಕಿ, ಸ್ಟಿಕರ್ ಹೊಸದು ಅಂಟಿಸಿ, ಒಂದು ಮೂಟೆಯ ಒಟ್ಟು ರೇಟು ಬರೆದಳು: ಆರುನೂರ ನಲವತ್ತು.

ಫೋನಿನಲ್ಲಿ ಹೇಳೋಣವೆಂದರೆ ಟವರು ಇರೋದೇ ರೇವಕ್ಕನ ಮನೆ ಮೇಲೆ. ಅವಳು ಕೇಳಿಸಿಕೊಳ್ಳದೆ ಬಿಡುತ್ತಾಳಾ?

"ದುಗ್ಗಾ! ಈ ಚೀಟಿ ತಗೋ. ದಾರೀಲಿ ಯಾರಿಗೂ ತೋರಿಸ್ಬ್ಯಾಡ, ಯಾರಿಗೂ ಹೇಳ್ಬ್ಯಾಡ. ಈ ರೇಟು ಸಾಹುಕಾರರ ಕಿವಿಗೆ ಮಾತ್ರ ಹಾಕಿ ಬಾ."

"ತಿಳೀತವ್ವಾ. ಕಿವಿಗೆ ಮಾತ್ರ."

ಐದನೇ ಸಲ ಹೋದ. ಸಾಹುಕಾರರು ಗಲ್ಲಾದ ಮುಂದೆ ಕೂತು ತೂಕಡಿಸುತ್ತಿದ್ದರು. ದುಗ್ಗ ಚೀಟಿಯನ್ನು ಬೀಡಿಯಂತೆ ಸುರುಳಿ ಸುತ್ತಿದ, ಮೆಲ್ಲಗೆ ಹಿಂದಿನಿಂದ ಹೋದ, ಕಿವಿಗೆ ಹಾಕಿದ. ಸಾಹುಕಾರರು "ಅಯ್ಯಪ್ಪಾ!" ಅಂತ ಎದ್ದ ರಭಸಕ್ಕೆ ಗಲ್ಲಾಪೆಟ್ಟಿಗೆ ಉರುಳಿತು. ಪಕ್ಕದ ಅಕ್ಕಸಾಲಿಗನ ಚಿಮಟ ತರಿಸಿ ಚೀಟಿ ಎಳೆಸಬೇಕಾಯಿತು.

ಸಂಜೆ ಹಾಲಮ್ಮನಿಗೆ ಅವರೇ ಫೋನು ಮಾಡಿದರು. "ಹಾಲಮ್ಮಾ, ನಿನ್ನ ರೇಟು ನನ್ನ ತಲೆಯೊಳಗೇ ಹೋಯ್ತು. ರೇವಕ್ಕಂದು ಆರುನೂರೈವತ್ತೈದು, ಸುಮ್ನೆ ಗಾಳೀಲಿ ಹೇಳ್ಯಾಳೆ. ಆರ್ಡರು ನಿನಗೇ. ಆದ್ರೆ ನಿನ್ನ ಭಟ್ಟಿಯಿಂದ ನನ್ನ ಅಂಗಡಿಗೆ ಮೂಟೆ ಮಾತ್ರ ಬರಬೇಕು. ಆ ನಿನ್ನ ಮಗ ಬಂದ ದಿನ ಆರ್ಡರು ಕ್ಯಾನ್ಸಲ್ಲು!"

ಹಾಲಮ್ಮ ಮಗನನ್ನು ಕೂರಿಸಿ ಹೇಳಿದಳು. "ಕೇಳ್ದೇನಲೇ? ಇನ್ಮೇಲೆ ಗಾಡಿ ಹತ್ತೋದು ಮೂಟೆ ಮಾತ್ರ. ನೀನಲ್ಲ."

"ಮತ್ತೆ ತಿಪ್ಪೇಶಣ್ಣನ್ನ ಯಾರು ನೋಡ್ಕೋತಾರವ್ವಾ?"

ಆ ಮಾತು ಹಾಲಮ್ಮನ ಎದೆಗೆ ನಾಟಿತು. ಸ್ಟಿಕರ್ ಬೇರೆ ವಾಪಸ್ ಬಂದಿದೆ. ಅವಳು ದನಿ ತಗ್ಗಿಸಿದಳು. "ಎದುರಿಗೆ ಕಾಣಬಾರದು ಮಗಾ. ಒಳಗಿಂದೊಳಗೇ ಒಂದು ಕಣ್ಣಿಟ್ಟಿರಬೇಕು."

"ತಿಳೀತವ್ವಾ. ಒಳಗಿಂದ. ಒಂದು ಕಣ್ಣು."

ಮೊದಲ ಲೋಡಿನ ದಿನ ಹಮಾಲಿ ಮೂಟೆಗಳ ಬಾಯಿ ಹೊಲಿದ, ಹೊತ್ತ, ಒಂದು ಮೂಟೆ ಹೊರಲಾರದೆ ನಿಂತ. "ಅಕ್ಕಾ, ಇದೊಂದು ಯಾಕೋ ಭಾಳ ಭಾರ."

"ಕೂಲಿ ಜಾಸ್ತಿ ಕೇಳೋಕೆ ನೆಪಾನಾ? ಹೊರಲೇ!" ಅಂದಳು ಹಾಲಮ್ಮ.

ಮಧ್ಯಾಹ್ನ ಫೋನು ಬಂತು. "ಹಾಲಮ್ಮಾ, ಮೂವತ್ತು ಅಂದಿದ್ದೆ. ಮೂವತ್ತೊಂದು ಬಂದೈತಲ್ಲ?"

ಹಾಲಮ್ಮನ ಕಿವಿ ನಿಮಿರಿತು. ಕಮ್ಮಿ ಆದರೆ ಕಳ್ಳತನ. ಜಾಸ್ತಿ ಆದರೆ ಅದಕ್ಕಿಂತ ದೊಡ್ಡ ಕಳ್ಳತನ! "ಬಿಚ್ಚಿಸಿ ಸಾಹುಕಾರ್ರೇ! ಆ ತಿಪ್ಪೇಶಿ ಏನೋ ತುಂಬ್ಯಾನೆ!"

"ತಡಿ, ಇದಕ್ಕೊಂದು ತೂತೈತೆ... ತೂತಿನಾಗೆ... ಅಯ್ಯಯ್ಯೋ, ಮೂಟೆಗೆ ಕಣ್ಣೈತೆ! ರೆಪ್ಪೆ ಬಡೀತೈತೆ!"

ದಾರ ಪರಪರ ಬಿಚ್ಚಿದ ಸದ್ದು. ಆಮೇಲೆ ಹಾಲಮ್ಮನಿಗೆ ಚೆನ್ನಾಗಿ ಗೊತ್ತಿದ್ದ ದನಿ:

"ಸಾಹುಕಾರ್ರೇ, ನಾನು ಬಂದಿಲ್ಲ. ಮೂಟೆ ಬಂದೈತೆ."

ಹಾಲಮ್ಮ ಸೆರಗು ಕಚ್ಚಿ ಹಿಡಿದಳು. ಹೋಯಿತು ಆರ್ಡರು, ಆರಿತು ಒಲೆ. ಅಷ್ಟರಲ್ಲಿ ಸಾಹುಕಾರರಿಗೆ ನಗು ಬಂತು. ನಕ್ಕರು, ಕೆಮ್ಮಿದರು, ಮತ್ತೆ ನಕ್ಕರು. "ಹೋಗ್ಲಿ. ಮೂವತ್ತು ಇಟ್ಕೊಂಡೆ, ಮುಂದಿನ ವಾರವೂ ಕಳಿಸು. ಈ ಮೂವತ್ತೊಂದನೇದು ಮಾತ್ರ ವಾಪಸ್ಸು, ಇದರ ಟೋಲು ನಿಂದೇ. ಏ ಯಾರಲ್ಲಿ, ದಬ್ಬಣ ತಗೊಂಡು ಬಾ! ಇದರ ಬಾಯಿ ಹೊಲಿ!"

ಬಾಯಿ ಹೊಲಿ ಅಂದದ್ದೇ ತಡ, ದುಗ್ಗ ಎರಡೂ ಕೈಯಿಂದ ತನ್ನ ಬಾಯಿ ಮುಚ್ಚಿಕೊಂಡು ಅಂಗಡಿಯಿಂದ ಹಾರಿದ. ಹೆದ್ದಾರಿ ಹಿಡಿದ. ಮೂರನೇ ಗೇಟಿನ ಕಂಬದಡಿ ನುಸುಳಿದ, ಎರಡನೇದರಡಿ ನುಸುಳಿದ, ಮೊದಲನೇದರಡಿ ನುಸುಳಿದ. ಕಾಲಲ್ಲಿ ಓಡುವವನಿಗೆ ಯಾವ ಟೋಲು? ತೊಂಬತ್ತು ಕಿಲೋಮೀಟರು ಓಡಿ, ಮಾರನೇ ದಿನ ಹಾಲು ಕಾಯುವ ಹೊತ್ತಿಗೆ ಮನೆ ಬಾಗಿಲಲ್ಲಿ ನಿಂತ. ಕೈ ಇನ್ನೂ ಬಾಯಿಯ ಮೇಲೇ.

ಹಾಲಮ್ಮ ಅವನನ್ನು ಮೇಲಿಂದ ಕೆಳಗೆ ನೋಡಿದಳು. "ಮೂರು ಗೇಟು ದಾಟಿ ಬಂದ್ಯಲ್ಲ. ಟೋಲು ಎಷ್ಟು ಕೊಟ್ಟೆ?"

ದುಗ್ಗ ಬಾಯಿ ಮುಚ್ಚಿಕೊಂಡೇ ಇಲ್ಲ ಇಲ್ಲ ಅಂತ ತಲೆ ಆಡಿಸಿದ.

"ಏನೂ ಕೊಟ್ಟಿಲ್ವಾ?"

ಕೊಟ್ಟಿಲ್ಲ.

ಹಾಲಮ್ಮ ಮಗನ ಹತ್ತಿರ ಬಂದಳು. ಕಣ್ಣು ಕಿರಿದು ಮಾಡಿದಳು. ಇಪ್ಪತ್ತನಾಲ್ಕು ವರ್ಷದಲ್ಲಿ ಮೊದಲ ಸಲ ಅವಳ ಮುಖದಲ್ಲಿ ಮಗನ ಬಗ್ಗೆ ಒಂಚೂರು ಹೆಮ್ಮೆ ಮೂಡಿತು.

"ಸುಳ್ಳು ಹೇಳೋದು ಯಾವಾಗ ಕಲಿತ್ಯೋ?" ಅಂದಳು.