ವೈದ್ಯ ಹಿಡಿಯದ ಕೈ

“ಅಜ್ಜಾರ, ಇದು ರೋಗ ಅಲ್ಲಂದ್ರ ಮತ್ತೇನ್ರಿ?” ಎಂದು ಕಲ್ಮೇಶ ಮಠದ ಗುರುಗಳನ್ನು ಕೇಳಿದ.

ಕೇಳಿದವನು ಕಾಲೇಜಿನಲ್ಲಿ ಜೀವಶಾಸ್ತ್ರ ಕಲಿಸುವ ಮೇಷ್ಟ್ರು, ಮಠದ ಹಳೆಯ ಶಿಷ್ಯ. ಹೊರಗೆ ಬೇವಿನ ಮರದ ಕೆಳಗೆ ಅವನ ಕಾರು ನಿಂತಿತ್ತು. ಹಿಂದಿನ ಸೀಟಿನಲ್ಲಿ ಅವನ ತಮ್ಮ ಕೂತಿದ್ದ. ತಾಯಿ ತೀರಿಕೊಂಡ ಮೇಲೆ ಕಲ್ಮೇಶನೇ ಉಣಿಸಿ, ಓದಿಸಿ ದೊಡ್ಡವನನ್ನಾಗಿ ಮಾಡಿದ ತಮ್ಮ. ಈಗ ಆ ತಮ್ಮ, ನಾನು ಗಂಡಲ್ಲ, ಹೆಣ್ಣು, ಬುದ್ಧಿ ಬಂದಾಗಿನಿಂದ ನನಗೆ ಇದು ಗೊತ್ತು ಎಂದು ಹೇಳಿಬಿಟ್ಟಿದ್ದ. ಮನೆಯಲ್ಲಿ ಎಲ್ಲರಿಗೂ ಸಿಡಿಲು ಬಡಿದಂತಾಗಿತ್ತು.

ಕಲ್ಮೇಶ ರಕ್ತ ಪರೀಕ್ಷೆ ಮಾಡಿಸಿದ, ಹಾರ್ಮೋನು ನೋಡಿಸಿದ, ತಲೆಯ ಸ್ಕ್ಯಾನ್ ತೆಗೆಸಿದ. ದೊಡ್ಡಾಸ್ಪತ್ರೆಯ ಡಾಕ್ಟರು ಎಲ್ಲವನ್ನೂ ನೋಡಿ, ಇದು ರೋಗವಲ್ಲ, ಇವರು ಇರುವುದೇ ಹೀಗೆ ಎಂದರು. ಇವರನ್ನು ಬೇರೆಯವರನ್ನಾಗಿ ಮಾಡುವ ಔಷಧವಿಲ್ಲ; ಇವರಿಗೆ ಬೇಕೆನಿಸಿದ ಸಹಾಯವನ್ನು ನಾವು ಮಾಡಬಹುದು, ನೀವು ಮಾತ್ರ ಹಿಂಸೆ ಮಾಡಬೇಡಿ ಎಂದೂ ಹೇಳಿದರು. ಕಲ್ಮೇಶನಿಗೆ ಸಮಾಧಾನವಾಗಲಿಲ್ಲ. ಗಡಿಯಾಚೆ ಒಬ್ಬನಿದ್ದಾನೆ, ತಲೆಗೆ ಕರೆಂಟು ಕೊಟ್ಟು ಇಂಥವರನ್ನು ಸರಿಮಾಡುತ್ತಾನೆ ಎಂದು ಯಾರೋ ಕಿವಿಯಲ್ಲಿ ಊದಿದರು. ಈಗ ತಮ್ಮನನ್ನು ಕರೆದುಕೊಂಡು ಅಲ್ಲಿಗೇ ಹೊರಟಿದ್ದ. ದಾರಿಯಲ್ಲಿ ಮಠ ಸಿಕ್ಕಿತು, ಆಶೀರ್ವಾದ ತೆಗೆದುಕೊಂಡು ಮುಂದೆ ಹೋಗೋಣವೆಂದು ಇಳಿದಿದ್ದ.

“ನಾ ಹುಡುಗರಿಗೆ ವರ್ಣತಂತು ಪಾಠ ಮಾಡಾಂವ್ರಿ,” ಎಂದ. “ಗಂಡಂದ್ರ ಏನು, ಹೆಣ್ಣಂದ್ರ ಏನು, ಬೋರ್ಡಿನ ಮ್ಯಾಲ ಬರದು ತೋರಸ್ತೀನಿ. ಇವನ ಮೈ ಒಂದು ಹೇಳತೈತಿ, ಬಾಯಿ ಇನ್ನೊಂದು ಹೇಳತೈತಿ. ಯಾವುದನ್ನ ನಂಬಬೇಕ್ರಿ?”

ಗುರುಗಳು ಬೇಗ ಉತ್ತರ ಕೊಡುವವರಲ್ಲ. ಕೊಟ್ಟರೂ ಕೇಳಿದ್ದಕ್ಕೆ ನೇರವಾಗಿ ಕೊಡುವವರಲ್ಲ. ಮೊದಲು ಕಾರಿನಲ್ಲಿ ಕೂತವರಿಗೆ ಮಜ್ಜಿಗೆ ಕಳಿಸಿದರು. ಆಮೇಲೆ ಕಲ್ಮೇಶನ ಕಡೆ ತಿರುಗಿ, “ಕೂಡು. ಕರೆಂಟು ಎಲ್ಲಿಗೂ ಓಡಿ ಹೋಗೂದಿಲ್ಲ,” ಎಂದು ಕತೆ ಶುರು ಮಾಡಿದರು.

ಒಂದು ಊರಿನಲ್ಲಿ ಒಬ್ಬ ನಾಡಿವೈದ್ಯನಿದ್ದ. ಕೈ ಹಿಡಿದರೆ ಸಾಕು, ಮೊನ್ನೆ ಉಂಡ ಪಲ್ಯ ಯಾವುದೆಂದು ಹೇಳುತ್ತಾನೆ ಎಂದು ಊರವರು ಅವನನ್ನು ಹೊಗಳುತ್ತಿದ್ದರು. ಅದು ಸುಳ್ಳು. ಆದರೆ ಹೊಗಳುವವರ ಬಾಯಿಗೆ ವೈದ್ಯ ಯಾವತ್ತೂ ಅಡ್ಡ ಬಂದಿರಲಿಲ್ಲ.

ಅವನ ವಿದ್ಯೆಯಲ್ಲಿ ಒಂದು ಪದ್ಧತಿಯಿತ್ತು. ಗಂಡಸಿನ ನಾಡಿಯನ್ನು ಬಲಗೈಯಲ್ಲಿ ನೋಡಬೇಕು, ಹೆಂಗಸಿನ ನಾಡಿಯನ್ನು ಎಡಗೈಯಲ್ಲಿ. ಗುರು ಅವನಿಗೆ ಮೊದಲು ಕಲಿಸಿದ್ದೇ ಇದು. ಊರಿನ ಮಕ್ಕಳಿಗೂ ಇದು ಗೊತ್ತಿತ್ತು. ವೈದ್ಯನ ಕಟ್ಟೆಯ ಮೇಲೆ ಬಂದು ಕೂತರೆ ಗಂಡಸರ ಬಲಗೈ ತಾನಾಗಿಯೇ ಮುಂದೆ ಬರುತ್ತಿತ್ತು, ಹೆಂಗಸರ ಎಡಗೈ ಸೆರಗಿನ ಒಳಗಿನಿಂದ ಹೊರಗೆ ಬರುತ್ತಿತ್ತು. ಯಾರೂ ಯಾರಿಗೂ ಹೇಳಿಕೊಡಬೇಕಾಗಿರಲಿಲ್ಲ.

ಒಂದು ದಿನ ಒಬ್ಬ ವ್ಯಾಪಾರಿ ತನ್ನ ಮಗನನ್ನು ಕರೆದುಕೊಂಡು ಬಂದ. ಮಗ ಅಪ್ಪನಿಗಿಂತ ಮುಂದೆ ನಡೆದು ಬಂದ. ಕೆನ್ನೆ ತುಂಬಿತ್ತು, ನಡಿಗೆ ಚುರುಕಾಗಿತ್ತು. ಏದುಸಿರು ಬಿಡುತ್ತ ಹಿಂದೆ ಬಂದ ಅಪ್ಪನೇ ರೋಗಿ ಎಂದುಕೊಂಡು ವೈದ್ಯ ಅವನ ಕಡೆಗೆ ಕೈ ಚಾಚಿದ.

“ನನಗಲ್ಲರೀ, ಇವಗ,” ಎಂದ ವ್ಯಾಪಾರಿ. “ಹೊಟ್ಟಿ ತುಂಬ ಉಣ್ತಾನ, ಕಣ್ಣು ತುಂಬ ನಿದ್ದಿ ಮಾಡ್ತಾನ, ಕೆಲಸಕ್ಕ ಹಿಂದ ಸರಿಯಾಂವಲ್ಲ. ಆದ್ರ ನಾ ನಿನ್ನ ಮಗ ಅಲ್ಲ, ಮಗಳು ಅಂತಾನ.”

ಇಂಥ ರೋಗವನ್ನು ವೈದ್ಯ ಕೇಳಿರಲಿಲ್ಲ. ಕೇಳಿಲ್ಲ ಎಂದು ಹೇಳುವ ಅಭ್ಯಾಸ ಅವನಿಗಿರಲಿಲ್ಲ. ತಲೆಯಾಡಿಸಿ, ಕೈ ಕೊಡು ಎಂದ. ಹುಡುಗ ಎಡಗೈ ನೀಡಿದ.

ಆ ಕೈಯಲ್ಲ ಎಂದು ವೈದ್ಯ ನಕ್ಕ. ಹುಡುಗ ನಗಲಿಲ್ಲ, ಕೈಯನ್ನು ಹಿಂದಕ್ಕೂ ತೆಗೆಯಲಿಲ್ಲ. ಆಗ ಅಪ್ಪ ಅವನ ಹೆಗಲನ್ನು ಒತ್ತಿ ಹಿಡಿದ, ವೈದ್ಯ ಬಲಗೈಯನ್ನು ಎಳೆದುಕೊಂಡ. ಎಳೆದುಕೊಂಡ ಕೈಯಲ್ಲಿ ನಾಡಿ ಅಡ್ಡಾದಿಡ್ಡಿ ಓಡುತ್ತಿತ್ತು. ಯಾರನ್ನೇ ಹಾಗೆ ಒತ್ತಿ ಹಿಡಿದರೂ ನಾಡಿ ಹಾಗೆಯೇ ಓಡುತ್ತದೆ. ಅಷ್ಟು ದೊಡ್ಡ ವೈದ್ಯನಿಗೆ ಇಷ್ಟು ಸಣ್ಣ ವಿಷಯ ಹೊಳೆಯಲಿಲ್ಲ. ನಾಡಿ ಕೆಟ್ಟಿದೆ, ವಾತ ತಲೆಗೇರಿದೆ, ಯಾವುದು ಬಲ ಯಾವುದು ಎಡ ಎಂಬ ಅರಿವೂ ತಪ್ಪಿದೆ ಎಂದು ತೀರ್ಮಾನಿಸಿದ. ಎಡಗೈ ನೀಡಿದ್ದೇ ಅವನ ಲೆಕ್ಕದಲ್ಲಿ ರೋಗದ ದೊಡ್ಡ ಗುರುತಾಯಿತು.

ವಾಂತಿಯಾಗಲು ಮದ್ದು ಕೊಟ್ಟ, ಭೇದಿಯಾಗಲು ಮದ್ದು ಕೊಟ್ಟ. ಉಪ್ಪು, ಖಾರ, ಎಣ್ಣೆ ಬಿಡಿಸಿದ. ಮೂಗಿಗೆ ಕಟುವಾದ ರಸ ಬಿಟ್ಟ. ತಲೆಯ ಕಾವು ಇಳಿಯಲಿ ಎಂದು ಕೂದಲು ಬೋಳಿಸಲು ಹೇಳಿದ.

ಮುಂದಿನ ಸಲ ಹುಡುಗನನ್ನು ಅಪ್ಪ ಅವ್ವ ಎರಡೂ ಕಡೆಯಿಂದ ಹಿಡಿದು ನಡೆಸಿಕೊಂಡು ಬಂದರು. ಕೆನ್ನೆ ಇಳಿದಿತ್ತು. ಕೈ ಕೊಡು ಎಂದಾಗ ಮತ್ತೆ ಎಡಗೈ ಬಂತು. ವೈದ್ಯ ಮತ್ತೆ ಬಲಗೈ ಎಳೆದುಕೊಂಡ. ರೋಗ ಬಲಿಯುತ್ತಿದೆ ಎಂದ. ಮದ್ದಿನ ಪ್ರಮಾಣ ಹೆಚ್ಚಿಸಿದ.

ವೈದ್ಯ ಕೆಟ್ಟವನಾಗಿರಲಿಲ್ಲ, ಕಲ್ಮೇಶ. ಕೆಟ್ಟವನಾಗಿದ್ದರೆ ಇಷ್ಟು ಕಷ್ಟಪಡುತ್ತಿರಲಿಲ್ಲ. ಆ ಹುಡುಗನಿಗಾಗಿ ಓಲೆಗರಿಗಳನ್ನೆಲ್ಲ ತಿರುವಿ ಹಾಕಿದ, ಬೇರು ಹುಡುಕಿಕೊಂಡು ಗುಡ್ಡ ಹತ್ತಿದ, ದೇವರಿಗೆ ಹರಕೆ ಹೊತ್ತ. ಆ ಹುಡುಗನಿಗೆ ಏನು ಬೇಕು ಎಂಬುದೊಂದನ್ನು ಬಿಟ್ಟು ಉಳಿದ ಎಲ್ಲದಕ್ಕೂ ಅವನು ತಲೆ ಕೆಡಿಸಿಕೊಂಡ.

ಕೊನೆಗೆ ಹುಡುಗನನ್ನು ಗಾಡಿಯಲ್ಲಿ ಮಲಗಿಸಿಕೊಂಡು ಬಂದರು. ಮೈಯಲ್ಲಿ ಎಲುಬು ಬಿಟ್ಟರೆ ಬೇರೇನೂ ಇರಲಿಲ್ಲ. ವೈದ್ಯ ಗಾಡಿಯ ಹತ್ತಿರ ಬಂದಾಗ, ಯಾರೂ ಕೇಳುವ ಮೊದಲೇ ಎಡಗೈ ಮೆಲ್ಲಗೆ ಮೇಲೆದ್ದಿತು. ವೈದ್ಯ ಅದನ್ನು ಗಾಡಿಯ ಹುಲ್ಲಿನ ಮೇಲೆ ಇಳಿಸಿಟ್ಟ. ಬಲಗೈಯ ನಾಡಿ ನೋಡಿದ. ಇನ್ನು ಉಳಿದಿರುವುದು ಒಂದೇ ಉಪಾಯ ಎಂದ. ಕಬ್ಬಿಣ ಕಾಯಿಸಿ ಹಣೆಗೆ ಬರೆ ಹಾಕಿದ. ಹುಡುಗ ಕೂಗಲಿಲ್ಲ, ಕೂಗಲು ಶಕ್ತಿಯಿರಲಿಲ್ಲ. ಕೂಗದಿರುವುದು ಒಳ್ಳೆಯ ಲಕ್ಷಣ ಎಂದು ವೈದ್ಯ ತಂದೆ ತಾಯಿಗೆ ಧೈರ್ಯ ಹೇಳಿ ಕಳಿಸಿದ.

ಇಲ್ಲಿಗೆ ಬಂದಾಗ ಕಲ್ಮೇಶ ಕೂತಲ್ಲೇ ಸ್ವಲ್ಪ ಅಲುಗಾಡಿದ. ಗುರುಗಳು ನೋಡಿಯೂ ನೋಡದವರಂತೆ ಮುಂದುವರಿಸಿದರು.

ಅಷ್ಟರಲ್ಲಿ ದೂರದ ಒಂದು ಸಂಸ್ಥಾನದಿಂದ ವೈದ್ಯನಿಗೆ ಕರೆ ಬಂತು. ದೊರೆಗೆ ಕಾಯಿಲೆ, ಹೋಗದೆ ವಿಧಿಯಿಲ್ಲ. ಹೋದವನು ಒಂದು ಮಳೆಗಾಲ, ಒಂದು ಚಳಿಗಾಲ ಅಲ್ಲೇ ಕಳೆದ. ಊರಿಗೆ ತಿರುಗಿ ಬಂದ ಮೇಲೆ ಅವನಿಗೆ ಮೊದಲು ನೆನಪಾದದ್ದು ಗಾಡಿಯಲ್ಲಿ ಮಲಗಿದ್ದ ಆ ಹುಡುಗ. ಉಳಿದಿರಲಾರ ಎಂದು ಅವನಿಗೆ ಖಾತ್ರಿಯಿತ್ತು. ಎರಡು ಸಮಾಧಾನದ ಮಾತು ಆಡಿ ಬರೋಣ ಎಂದು ವ್ಯಾಪಾರಿಯ ಮನೆಗೆ ಹೋದ.

ಬಾಗಿಲು ತೆಗೆದವಳು ಒಬ್ಬ ತರುಣಿ. ಸೀರೆ ಉಟ್ಟು, ಸೆರಗನ್ನು ಹಣೆಯ ತನಕ ಹೊದ್ದಿದ್ದಳು. ರೊಟ್ಟಿ ಬಡಿಯುತ್ತಿದ್ದಳೆಂದು ಕಾಣುತ್ತದೆ, ಕೈಗೆಲ್ಲ ಹಿಟ್ಟು ಮೆತ್ತಿತ್ತು. ಬಂಧುಗಳ ಮನೆಯ ಹುಡುಗಿಯಿರಬೇಕು ಎಂದುಕೊಂಡು ವೈದ್ಯ ದನಿ ತಗ್ಗಿಸಿದ.

“ನಾ ಊರಾಗ ಇರಲಿಲ್ಲವ್ವಾ. ಆ ಹುಡುಗ ತೀರಿಕೊಂಡಿದ್ದು ಯಾವಾಗ?”

“ತೀರಿಕೊಂಡಿಲ್ಲರೀ,” ಎಂದಳು ಅವಳು. “ನಾನ ಅದೀನಿ.”

ಸೆರಗು ಸ್ವಲ್ಪ ಹಿಂದೆ ಸರಿಯಿತು. ಹಣೆಯ ಮೇಲೆ ಅವನೇ ಹಾಕಿದ ಬರೆಯ ಕಲೆಯಿತ್ತು.

ವೈದ್ಯ ಬಾಗಿಲ ಕಟ್ಟೆಯ ಮೇಲೆ ಕುಸಿದು ಕೂತ. ಆದರೂ ನೋಡು, ಮನುಷ್ಯನ ಅಭಿಮಾನ ಎಂಥದು! ನನ್ನ ಮದ್ದು ತಡವಾಗಿ ಕೆಲಸ ಮಾಡಿದೆ ಎಂಬುದೇ ಅವನಿಗೆ ಬಂದ ಮೊದಲ ಯೋಚನೆ. ಯಾವ ಮದ್ದಿನಿಂದ ಗುಣವಾಯಿತು ಎಂದು ಕೇಳಿಯೂ ಬಿಟ್ಟ.

“ಯಾವುದೂ ಇಲ್ಲರೀ,” ಎಂದಳು. ದನಿಯಲ್ಲಿ ಸಿಟ್ಟಿರಲಿಲ್ಲ. “ನೀವು ಹೋದ್ರಿ. ಅಪ್ಪ ಎತ್ತು ಹೊಡಕೊಂಡು ವ್ಯಾಪಾರಕ್ಕ ಹೋದ. ಔಷಧ ತೀರಿತು. ಅವ್ವ ತನ್ನ ಸೀರಿ ಕೊಟ್ಟಳು. ಹಸಿವಾತು, ಉಂಡೆ.”

ಅಪ್ಪನಿಗಿಂತ ಮುಂದೆ ಅವಳು ನಡೆದು ಬಂದ ಆ ಮೊದಲ ದಿನ ವೈದ್ಯನ ಕಣ್ಣಿಗೆ ಕಟ್ಟಿತು. ಬಂದಾಗ ಆ ಜೀವಕ್ಕೆ ಏನೂ ಆಗಿರಲಿಲ್ಲ. ಕೆನ್ನೆ ಇಳಿದದ್ದು ತನ್ನ ಮದ್ದಿನಿಂದ, ಕಾಲು ಸೋತದ್ದು ತನ್ನ ಪಥ್ಯದಿಂದ, ಹಣೆ ಸುಟ್ಟದ್ದು ತನ್ನ ಕಬ್ಬಿಣದಿಂದ. ರೋಗ ಬಲಿಯುತ್ತಿದೆ ಎಂದು ತಾನು ಹೇಳಿದಾಗಲೆಲ್ಲ ಬಲಿತದ್ದು ತಾನೇ ಕೊಟ್ಟ ರೋಗ. ಅವನಿಗೆ ತನ್ನ ಕೈಗಳ ಮೇಲೆಯೇ ಹೇಸಿಗೆಯಾಯಿತು. ಇಷ್ಟು ವರ್ಷ ಜನ ಕಣ್ಣಿಗೊತ್ತಿಕೊಂಡ ಕೈಗಳು ಅವು.

ಅದೇ ಹೊತ್ತಿಗೆ ವ್ಯಾಪಾರಿ ಊರಿಗೆ ಬಂದ. ಎತ್ತುಗಳನ್ನು ಅಂಗಳದಲ್ಲಿ ಬಿಟ್ಟು ತಲೆಯೆತ್ತಿದ. ಬಾಗಿಲಲ್ಲಿ ಸೀರೆ ಉಟ್ಟು ನಿಂತವಳನ್ನು ಕಂಡು ಅವನ ಮುಖ ಕಪ್ಪಿಟ್ಟಿತು. ಆಮೇಲೆ ವೈದ್ಯನನ್ನು ಕಂಡ.

“ಚಲೋ ಹೊತ್ತಿಗೆ ಬಂದೀರಿ ಪಂಡಿತ್ರ,” ಎಂದ. “ಔಷಧ ಬಿಟ್ಟಿದ್ದಕ್ಕ ರೋಗ ಎಲ್ಲಿಗೆ ಮುಟ್ಟೇತಿ ನೋಡ್ರಿ. ಇವತ್ತ ಚಾಲೂ ಮಾಡ್ರಿ.”

ವೈದ್ಯ ಎದ್ದು ನಿಂತ. ಆ ಹುಡುಗಿಯ ಮುಂದೆ ಅಂಗೈ ಚಾಚಿದ. ಈ ಸಲ ಯಾವ ಕೈಯನ್ನೂ ಎಳೆದುಕೊಳ್ಳಲಿಲ್ಲ, ಸುಮ್ಮನೆ ಕಾದ. ಅವಳು ಸೆರಗಿಗೆ ಹಿಟ್ಟು ಒರೆಸಿಕೊಂಡು ಎಡಗೈಯನ್ನು ಅವನ ಕೈಯಲ್ಲಿಟ್ಟಳು. ನಾಡಿ ಶಾಂತವಾಗಿತ್ತು. ಗಂಡಸಿನದೋ ಹೆಂಗಸಿನದೋ ಎಂದು ನಾಡಿ ಅವನಿಗೆ ಹೇಳಲಿಲ್ಲ. ಅದು ಯಾವತ್ತೂ ಹೇಳಿರಲಿಲ್ಲ. ಕಟ್ಟೆಗೆ ಬಂದು ಕೂತವರು ತಾವೇ ಕೈ ನೀಡಿ ಹೇಳುತ್ತಿದ್ದರು, ಅವನು ನಂಬುತ್ತಿದ್ದ. ಇವಳೊಬ್ಬಳನ್ನು ನಂಬಿರಲಿಲ್ಲ.

“ಈಕಿಗೆ ಏನೂ ಆಗಿಲ್ಲ,” ಎಂದ ವೈದ್ಯ. “ಆಗಿದ್ದೆಲ್ಲ ನನ್ನ ಔಷಧದಿಂದ ಆಗಿದ್ದು. ಇನ್ನ ಒಂದು ಹನಿ ಕೊಡಾಂವಲ್ಲ ನಾನು.”

ವ್ಯಾಪಾರಿ ವೈದ್ಯನನ್ನು ಮೇಲಿನಿಂದ ಕೆಳಗಿನ ತನಕ ನೋಡಿದ. ಇವನಿಗೂ ಬುದ್ಧಿಭ್ರಮಣೆಯಾಗಿದೆ ಎಂದುಕೊಂಡ. ಮುಂದಿನ ಊರಿನಲ್ಲಿ ಇನ್ನೊಬ್ಬ ವೈದ್ಯನಿದ್ದಾನೆ, ಇವನಿಗಿಂತ ಗಟ್ಟಿ ಕೈಯವನು ಎಂದು ಅವನು ದಾರಿಯಲ್ಲಿ ಕೇಳಿಕೊಂಡು ಬಂದಿದ್ದ. ಬಿಟ್ಟ ಎತ್ತುಗಳನ್ನು ಮತ್ತೆ ಗಾಡಿಗೆ ಹೂಡಿದ. ಮಗಳ ರಟ್ಟೆ ಹಿಡಿದು ಎಳೆದು ಗಾಡಿಗೆ ಹತ್ತಿಸಿದ. ಒಳಗಿನಿಂದ ಓಡಿ ಬಂದ ಅವ್ವ ಚಕ್ರವನ್ನು ತಬ್ಬಿ ಹಿಡಿದುಕೊಂಡಳು. ವೈದ್ಯ ಓಡಿ ಹೋಗಿ ಎತ್ತುಗಳ ಮುಂದೆ ನಿಂತು ನೊಗಕ್ಕೆ ಕೈ ಕೊಟ್ಟ. ವ್ಯಾಪಾರಿ ಬಾರುಕೋಲು ಎತ್ತಿದ.

ಗುರುಗಳು ಅಲ್ಲಿಗೆ ನಿಲ್ಲಿಸಿದರು.

ಕಲ್ಮೇಶ, ಗುರುಗಳು ಮುಂದೆ ಹೇಳುತ್ತಾರೆಂದು ಕಾದ.

“ಗಾಡಿ ಹೋತೇನ್ರಿ ಅಜ್ಜಾರ?” ಎಂದು ಕೇಳಿದ. “ಆಕಿ ಉಳದಳೇನ್ರಿ?”

ಗುರುಗಳು ಬೇವಿನ ಮರದ ಕಡೆ ನೋಡಿದರು. ಆಮೇಲೆ ಕಲ್ಮೇಶನ ಕಡೆ ತಿರುಗಿ ಕೇಳಿದರು.

“ನಿನ್ನ ತಂಗಿ ಹೆಸರೇನಪಾ?”

ಹೆಸರೇನೆಂದು ಕಾರಿನಲ್ಲಿ ಕೂತವಳನ್ನು ಕಲ್ಮೇಶ ಕೇಳಿಯೇ ಇರಲಿಲ್ಲ.